ಗೋಲ್ ಕಾಯುತ್ತಿದ್ದ ಎಲ್ಡನ್

ಉಷಾರಾಣಿ ಮೈಸೂರಿನಲ್ಲಿ ಭೂಗೋಳದ ಟೀಚರಾಗಿದ್ದವರು. ಗಂಡ ತೀರಿಕೊಂಡ ಮೇಲೆ ಅಮೆರಿಕದ ಟೆಕ್ಸಸ್‌ನ ಲಿಯಾಂಡರ್ ಊರಿನಲ್ಲಿದ್ದ ಮಗಳು ನಿರುಪಮಾಳ ಮನೆ ಸೇರಿದರು. ಅಲ್ಲಿನ ಪಾರ್ಕಿನಲ್ಲಿ ಬೆಳಗಿನ ವಾಕಿಂಗ್ ಹೊತ್ತಿಗೆ ಎಲ್ಡನ್ ಪರಿಚಯವಾದರು. ತೊಂಬತ್ತರ ಹತ್ತಿರ ವಯಸ್ಸು, ಹೆಂಡತಿ ಇಲ್ಲ, ಒಂದು ಕಣ್ಣು ಗಾಜಿನದು, ಮೂಗು ಸೊಟ್ಟ.

ಕೆನಡಾದಲ್ಲಿ ಹುಟ್ಟಿದವರು, ಐವತ್ತರ ದಶಕದಲ್ಲಿ ಐಸ್ ಹಾಕಿ ಗೋಲ್‌ಕೀಪರ್. ಆಗ ಮಾಸ್ಕ್ ಹಾಕಿದರೆ ಹೇಡಿ ಅನ್ನುತ್ತಿದ್ದರಂತೆ. ಕಲ್ಲಿನಂಥ ರಬ್ಬರ್ ಬಿಲ್ಲೆ ಮುಖಕ್ಕೆ ಬಡಿದರೆ ಹೊಲಿಗೆ ಹಾಕಿಸಿಕೊಂಡು ಮತ್ತೆ ಬಂದು ನಿಲ್ಲಬೇಕು. ದೊಡ್ಡ ಲೀಗಿನಿಂದ ಕರೆ ಬಂದದ್ದು ಒಂದೇ ಸಲ. ಒಂದೇ ಆಟ ಆಡಿದರು, ಏಳು ಗೋಲ್ ಬಿಟ್ಟುಕೊಟ್ಟರು, ಮರುದಿನವೇ ವಾಪಸ್ ಕಳಿಸಿದರು. ಆಮೇಲೆ ಹ್ಯೂಸ್ಟನ್, ಡಾಲಸ್‌ನ ಸಣ್ಣ ತಂಡಗಳು. ಡಾಲಸ್‌ನಲ್ಲಿ ಕಣ್ಣು ಹೋಯಿತು, ಅದರ ಜೊತೆ ಆಟವೂ ಹೋಯಿತು. ಟೈರ್ ಅಂಗಡಿಯಲ್ಲಿ ದುಡಿದು ಮಗನನ್ನು ಬೆಳೆಸಿದರು. ಆಟದ ಬಗ್ಗೆ ಮಗ ಯಾವತ್ತೂ ಕೇಳಿರಲಿಲ್ಲ. ಉಷಾರಾಣಿ ಕೇಳಿದರು. ಏಳು ಗೋಲೂ ಹೇಗೆ ಬಂದವು ಅಂತ ಒಂದೊಂದಾಗಿ ಹೇಳಿಸಿಕೊಂಡರು. ಏಳನೆಯದಂತೂ ತನ್ನ ತಪ್ಪಲ್ಲ ಅಂತ ಎಲ್ಡನ್ ಇನ್ನೂ ವಾದಿಸುತ್ತಿದ್ದರು.

ಎರಡು ವರ್ಷ ಹೀಗೇ ನಡೆಯಿತು. ಒಂದು ಬೆಳಿಗ್ಗೆ ಎಲ್ಡನ್ ಬೆಂಚಿನ ಮೇಲೆ ಕೂತು, "ಉಳಿದಿರೋ ದಿನ ಒಟ್ಟಿಗೆ ಇರೋಣವಾ? ಮದುವೆ ಆಗೋಣ," ಅಂದರು.

ಉಷಾರಾಣಿ ಮಗಳಿಗೆ ಹೇಳಿದರು. ನಿರುಪಮಾ ಪಾತ್ರೆ ತೊಳೆಯುತ್ತಲೇ, ಕನ್ನಡ ಸಂಘದವರಿಗೆಲ್ಲ ಏನಂತ ಹೇಳೋದು ಅಂದಳು. ಆಮೇಲೆ ಆ ಮಾತೇ ಎತ್ತಲಿಲ್ಲ. ಉಷಾರಾಣಿ ಪಾರ್ಕಿಗೆ ಹೋಗಿ ಆಗೋದಿಲ್ಲ ಅಂದರು. ಎಲ್ಡನ್ ತಲೆಯಾಡಿಸಿದರು, ಅವರ ಕೈ ಅದುಮಿ ಎದ್ದು ಹೋದರು. ಆಮೇಲೆ ಪಾರ್ಕಿಗೆ ಬರಲಿಲ್ಲ. ಬೇಸಿಗೆ ಮುಗಿಯುವ ಹೊತ್ತಿಗೆ ಮಗ ಬಂದು ಡಾಲಸ್‌ಗೆ ಕರೆದುಕೊಂಡು ಹೋದ ಅಂತ ಎಲ್ಡನ್‌ರ ಪಕ್ಕದ ಮನೆಯವರಿಂದ ಗೊತ್ತಾಯಿತು.

ಫೆಬ್ರವರಿಯಲ್ಲಿ ಎಲ್ಡನ್ ತೀರಿಕೊಂಡರು. ಸುದ್ದಿ ತಂದವರೂ ಆ ಪಕ್ಕದ ಮನೆಯವರೇ. ನಿರುಪಮಾ ರಜೆ ಹಾಕಿ ಅಮ್ಮನನ್ನು ಕಾರಿನಲ್ಲಿ ಡಾಲಸ್‌ಗೆ ಕರೆದುಕೊಂಡು ಹೋದಳು. ಚರ್ಚಿನಲ್ಲಿ ಹತ್ತಿಪ್ಪತ್ತು ಜನ. ಮಗ ಬಾಗಿಲಲ್ಲಿ ನಿಂತು ಎಲ್ಲರ ಕೈ ಕುಲುಕುತ್ತಿದ್ದ. ಸೀರೆ ಉಟ್ಟ ಇವರನ್ನು ನೋಡಿ, ನೀವು ಅಪ್ಪನನ್ನು ನೋಡಿಕೊಳ್ಳುತ್ತಿದ್ದ ನರ್ಸಾ ಅಂತ ವಿನಯವಾಗಿ ಕೇಳಿದ.

"ಇಲ್ಲ," ಅಂದರು ಉಷಾರಾಣಿ. "ಒಂದೇ ಪಾರ್ಕಿನಲ್ಲಿ ವಾಕ್ ಮಾಡ್ತಿದ್ವಿ."

ವಾಪಸ್ ಬರುವಾಗ ನಿರುಪಮಾ ಕಾರನ್ನು ಹೈವೇಗೆ ತಿರುಗಿಸಿದಳು. ಆಮೇಲೆ, "ನಾನು ಹಾಗೆ ಅನ್ನಬಾರದಿತ್ತಮ್ಮ," ಅಂದಳು.

"ಆಗಲ್ಲ ಅಂದಿದ್ದು ನಾನು ಕಣೇ. ನೀನಲ್ಲ."

ಅಷ್ಟು ಹೇಳಿ ಉಷಾರಾಣಿ ಸೆರಗನ್ನು ಬಾಯಿಗೆ ಒತ್ತಿಕೊಂಡರು. ಗಂಡ ಹೋದಾಗ ನೆಂಟರ ಮುಂದೆ ಅತ್ತಿದ್ದರು. ಎಲ್ಡನ್‌ಗಾಗಿ ಯಾರ ಮುಂದೆಯೂ ಅತ್ತಿರಲಿಲ್ಲ. ಈಗ ತಡೆಯಲಾರದೆ, ಮಗಳ ಮುಂದೆಯೇ ಅತ್ತರು. ನಿರುಪಮಾ ಕಾರನ್ನು ಹೈವೇ ಪಕ್ಕಕ್ಕೆ ತಂದು ನಿಲ್ಲಿಸಿದಳು.