ಸಿಮೆಂಟಿನಡಿಯ ಮೆಟ್ಟಿಲು

ನಮ್ಮ ಮನೆಯ ಮುಂಬಾಗಿಲಿಗೆ ಇರುವುದು ಮೂರೇ ಮೆಟ್ಟಿಲು. ಮಾವನಿಗೆ ಲಕ್ವ ಹೊಡೆದು ಗಾಲಿಕುರ್ಚಿ ಬರುವವರೆಗೆ ಅವು ಅಲ್ಲಿವೆ ಎಂಬುದೇ ನಮ್ಮ ಗಮನಕ್ಕೆ ಬಂದಿರಲಿಲ್ಲ.

ಎದುರಿನ ದರ್ಜಿ ಅಂಗಡಿಯ ಮುಂದೆ ಒಂದು ಬೆಂಚಿದೆ. ಸಂಜೆ ಅಲ್ಲಿ ಕೂತು ದರ್ಜಿಯೊಂದಿಗೆ ಜಗಳವಾಡದಿದ್ದರೆ ಮಾವನಿಗೆ ಉಂಡದ್ದು ಕರಗುತ್ತಿರಲಿಲ್ಲ. ಈಗ ಅವರು ಕಿಟಕಿಯ ಬಳಿ ಕೂರುತ್ತಾರೆ. ದರ್ಜಿ ಅಲ್ಲಿಂದಲೇ ಕೂಗುತ್ತಾರೆ: "ಏನ್ರೀ ಮಹಾರಾಜ್ರೇ, ಅರಮನೆ ಬಿಟ್ಟು ಇಳಿಯೋದೇ ಇಲ್ವಾ? ಬೈಯೋಕೆ ಯಾರೂ ಇಲ್ದೆ ನನ್ನ ನಾಲಿಗೆ ತುಕ್ಕು ಹಿಡೀತಿದೆ!" ಮಾವನ ಸೊಟ್ಟ ಬಾಯಿಂದ ಉತ್ತರ ಹೊರಡುವಷ್ಟರಲ್ಲಿ ಅಲ್ಲಿ ಗಿರಾಕಿ ಬಂದಿರುತ್ತಾರೆ.

ಒಮ್ಮೆ ನನ್ನ ಗಂಡ ಮತ್ತು ದರ್ಜಿ ಸೇರಿ ಕುರ್ಚಿಯನ್ನು ಎತ್ತಿ ಇಳಿಸಹೋದಾಗ ಅದು ಕೈಜಾರಿತು. ಅಂದಿನಿಂದ ಎತ್ತಲು ಹೋದರೆ ಸಾಕು, ಮಾವ ಬಾಗಿಲ ಚೌಕಟ್ಟನ್ನು ಗಟ್ಟಿಯಾಗಿ ಹಿಡಿದುಕೊಳ್ಳುತ್ತಾರೆ. ಮೆಟ್ಟಿಲು ಒಡೆದು ಗೋಡೆಗುಂಟ ಇಳಿಜಾರು ಕಟ್ಟುವುದೊಂದೇ ದಾರಿ. ಆದರೆ ನಮ್ಮ ಬೀದಿಯ ಎರಡೂ ಸಾಲಿನ ಮನೆಗಳು ಪಾರಂಪರಿಕವೆಂದು ಸಂರಕ್ಷಿತ. ಹಳೆಯದೊಂದು ಮೊಳೆ ಕೀಳಲೂ ಪರಂಪರೆ ಇಲಾಖೆಯ ಕಚೇರಿಯ ಅಪ್ಪಣೆ ಬೇಕು. ಬೀದಿ ಉಳಿಯಲಿ ಎಂದು ಆ ಕಾಲದಲ್ಲಿ ಮನೆಮನೆ ಅಲೆದವರಲ್ಲಿ ಮಾವನೂ ಒಬ್ಬರು.

"ನಿಮ್ಮ ಮೆಟ್ಟಿಲು ಸಿಮೆಂಟಿನದು, ಹಳೇದಲ್ಲ. ಕಚೇರಿಯವರು ಬಂದು ನೋಡಿ ಹೂಂ ಅಂದ್ರೆ ಮುಗೀತು. ಅಲ್ಲೀವರೆಗೆ ಏನೂ ಮುಟ್ಟಬೇಡಿ," ಎಂದಿದ್ದರು ಇಳಿಜಾರಿನ ನಕ್ಷೆ ಮಾಡಿಕೊಟ್ಟ ಇಂಜಿನಿಯರ್. ಅದನ್ನು ನಾನು ಅತ್ತೆಗೆ ಹೇಳಿದೆ, ಮತ್ತೆ ಹೇಳಿದೆ. "ಗೊತ್ತಾಯ್ತು ಕಣೇ, ನಾನೇನು ಕಿವುಡಿಯಾ?" ಎಂದರು. ಆದರೂ ಅಧಿಕಾರಿ ಬರುವ ಹಿಂದಿನ ಸಂಜೆ ಹೋಗಿ ಮೆಟ್ಟಿಲನ್ನು ನೋಡಿಬಂದೆ. ಮೂಲೆಯಲ್ಲೊಂದು ಬಿರುಕಿತ್ತು. ಅದು ಮೊದಲೂ ಇತ್ತೇ ಎಂದು ನೆನಪಿಸಿಕೊಳ್ಳುತ್ತಲೇ ನಿದ್ದೆ ಹತ್ತಿತು.

ಬೆಳಿಗ್ಗೆ ಮಾವನ ಔಷಧಿ ತರಲು ಹೋಗಿದ್ದೆ. ಮರಳಿ ಬಂದರೆ ಅತ್ತೆ ಸೆರಗು ಸಿಕ್ಕಿಸಿ, ಸುತ್ತಿಗೆ ಹಿಡಿದು ಮೆಟ್ಟಿಲ ಬಳಿ ಕುಕ್ಕರುಗಾಲಲ್ಲಿ ಕೂತಿದ್ದಾರೆ.

"ಅತ್ತೆ! ಏನ್ ಮಾಡ್ತಿದ್ದೀರಿ?"

"ದೊಡ್ಡ ಮನುಷ್ಯರು ಬರೋವಾಗ ಬಾಗಿಲಲ್ಲೇ ಮುಕ್ಕಾದ ಮೆಟ್ಟಿಲು ಕಾಣ್ಲಾ? ಮೂಲೆ ಚೂರು ಅಲ್ಲಾಡ್ತಿತ್ತು, ಕಿತ್ತೆ. ಹಕ್ಕಳೆ ಎದ್ದ ಹಾಗೆ ಮೇಲಿನ ಮೆಟ್ಟಿಲಿನ ಸಿಮೆಂಟೆಲ್ಲಾ ಎದ್ದು ಬಂತು. ನೋಡೇ ಒಳಗೆ, ಎಷ್ಟು ಚೆಂದ!"

ಕೆಳಗೆ ನುಣುಪಾದ ಕಪ್ಪು ಕಲ್ಲು. ಅಂಚಿನುದ್ದಕ್ಕೂ ಕೆತ್ತಿದ ಬಳ್ಳಿ. ಎಲೆಯೆಲೆಗೂ ನರ ಬಿಡಿಸಿದ್ದರು. ಅಷ್ಟು ಚೆಲುವಾದದ್ದನ್ನು ಕಂಡು ನನಗೆ ಅಷ್ಟು ಹೆದರಿಕೆಯಾದದ್ದು ಅದೇ ಮೊದಲು.

"ಮುಟ್ಟಬೇಡಿ ಅಂದಿದ್ದೆನಲ್ಲ ಅತ್ತೆ!"

"ಮುಟ್ಟಬೇಡಿ ಅಂದೆ. ಗುಡಿಸಬೇಡಿ ಅಂದ್ಯಾ?"

ಗೋಣಿಚೀಲ ಹಾಸಿದೆ, ಮೇಲೆ ಹೂಕುಂಡಗಳನ್ನಿಟ್ಟೆ. ಕಾಲಿಡುವ ಜಾಗದಲ್ಲಿ ಯಾರಾದರೂ ಹೂಕುಂಡ ಇಡುತ್ತಾರೆಯೇ? ಆದರೂ ಇಟ್ಟೆ.

ಅಧಿಕಾರಿ ಮೆಲುದನಿಯ ಮನುಷ್ಯ. ಕುಂಡಗಳ ನಡುವೆ ಜಾಗ ಮಾಡಿಕೊಂಡು ಒಳಗೆ ಬಂದರು. ಮಾವನ ಬಲಗೈ ಆಡುವುದಿಲ್ಲವೆಂದು ಗಮನಿಸಿ ಎಡಗೈ ಹಿಡಿದು ಮಾತಾಡಿಸಿದರು. "ಸಿಮೆಂಟ್ ತಾನೇ? ಒಡೀರಿ. ಇಂಥವರಿಗಲ್ದೆ ಇನ್ಯಾರಿಗೆ ಮಾಡ್ಕೊಡೋದು?" ಎಂದರು. ನಾನು ಉಸಿರು ಬಿಟ್ಟೆ.

ಆಗ ಮಾವ ಎಡಗೈ ಎತ್ತಿದರು. "ಅ... ಅದರ..."

"ನೀರು ಬೇಕಂತೆ," ಎಂದೆ ನಾನು. ಅವರು ಅರ್ಧ ಆಡಿದ್ದನ್ನು ಪೂರ್ತಿ ಮಾಡುವುದು ಈಚೆಗೆ ಮನೆಯಲ್ಲಿ ನನ್ನದೇ ಕೆಲಸ.

ಮಾವ ಅಲ್ಲವೆಂದು ತಲೆಯಲ್ಲಾಡಿಸಿದರು. ಅಧಿಕಾರಿ ಸ್ಟೂಲು ಎಳೆದುಕೊಂಡು ಕೂತರು. "ನಿಧಾನ ಹೇಳಿ, ಅವಸರ ಇಲ್ಲ," ಎಂದು ಕಾದರು. ಮನೆಯಲ್ಲಿ ನಾವ್ಯಾರೂ ಅಷ್ಟು ಹೊತ್ತು ಕಾದದ್ದಿಲ್ಲ.

"ಅದರ ಕೆಳಗೆ... ಕಲ್ಲಿದೆ. ಬಳ್ಳಿ ಕೆತ್ತಿದ್ದು. ನಮ್ಮಜ್ಜ... ಹಾಕಿಸಿದ್ದು."

ಕಾಯಿಲೆ ಬಿದ್ದ ಮೇಲೆ ಮಾವ ಮುಗಿಸಿದ ಮೊದಲ ಮಾತು ಅದು. ಮುಖ ಅರಳಿತ್ತು. ಅತ್ತೆಯ ಕಣ್ಣಲ್ಲಿ ನೀರು.

ಕುಂಡಗಳನ್ನು ಅಧಿಕಾರಿಯೇ ಸರಿಸಿದರು. ಗೋಣಿಚೀಲ ಮಡಚಿ ಬದಿಗಿಟ್ಟು, ಮೊಣಕಾಲೂರಿ, ಎಲೆಗಳ ಮೇಲೆ ಬೆರಳಾಡಿಸಿದರು. ಎದ್ದಾಗ ನನ್ನ ಮುಖ ನೋಡಲಿಲ್ಲ.

"ಇಡೀ ಬೀದೀಲಿ ಇದೊಂದೇ ಉಳಿದಿರೋದು. ಇನ್ನು ನನ್ನ ಕೈಲಿಲ್ಲ, ಮೇಡಂ. ಹಿಂಬಾಗಿಲು ಇಲ್ವಾ?"

"ಹಿಂದೆ ಬೇರೆಯವರ ಗೋಡೆ."

ಅವರು ಕಲ್ಲನ್ನು ಮೆಟ್ಟದೆ ದಾಟಿ ಬೀದಿಗಿಳಿದರು.

ಅವರು ಹೋದ ಮೇಲೆ ಮಾವನ ಎದುರು ಕೂತೆ. ಯಾಕೆ ಹೇಳಿದಿರಿ ಎಂದು ಕೇಳಬೇಕೆಂದಿದ್ದೆ. ಅವರೇ ಮೊದಲು ಬಾಯಿ ತೆರೆದರು.

"ಎ... ಎಲೆ? ಹಾಗೇ ಇದೆಯಾ?"

ಕಿಟಕಿಯಿಂದ ದರ್ಜಿಯ ಬೆಂಚು ಕಾಣುತ್ತದೆ. ಮೆಟ್ಟಿಲು ಕಾಣುವುದಿಲ್ಲ.

"ಹಾಗೇ ಇದೆ, ಮಾವ. ಒಂದೂ ಮುಕ್ಕಾಗಿಲ್ಲ."

"ಮಹಾರಾಜ್ರೇ!" ಎದುರಿನಿಂದ ಕೂಗು ಬಂತು. "ಸಾಹೇಬ್ರು ಬಂದು ಹೋದ್ರಲ್ಲ! ಯಾವತ್ತು ಇಳೀತೀರಿ?"

ಮಾವ ನನ್ನ ಕಡೆ ತಿರುಗಿದರು, ಉತ್ತರ ನಾನೇ ಹೇಳಲಿ ಎಂಬಂತೆ. ಹೊರಗೆ ಅತ್ತೆ ಒದ್ದೆ ಬಟ್ಟೆ ಹಿಡಿದು, ಎಲೆಗಳ ಸಂದಿಯಿಂದ ಸಿಮೆಂಟಿನ ಕೊನೆಯ ಪುಡಿಯನ್ನು ತೆಗೆಯುತ್ತಿದ್ದರು.