ನನ್ನ ಹೆಸರಿನ ಜೆರ್ಸಿ

ಆ ವರ್ಷ ನಮ್ಮ ಕಾಲೇಜು ಫುಟ್‌ಬಾಲ್ ಫೈನಲ್‌ನಲ್ಲಿ ಸೋತದ್ದಕ್ಕೆ ಕಾರ್ಕಳದಲ್ಲಿ ಇವತ್ತಿಗೂ ರೆಫ್ರಿಯನ್ನು ಬೈಯುವವರಿದ್ದಾರೆ. ಪಾಪ, ಅವನದ್ದು ಏನೂ ತಪ್ಪಿಲ್ಲ. ಮುಳುಗಿಸಿದವನು ನಾನು, ಶ್ರವಣ್, ಬೆಳ್ಮಣ್ಣಿನ ಕಂಟ್ರಾಕ್ಟರ್ ಉಮಾನಾಥರ ಮಗ. ತಂಡ ಮುಳುಗಿದ್ದು ದೊಡ್ಡ ಮಾತಲ್ಲ, ಕಪ್ಪು ಮುಂದಿನ ವರ್ಷವೂ ಇರುತ್ತದೆ. ಸಂಗಮೇಶನನ್ನು ಮುಳುಗಿಸಿದೆನಲ್ಲ, ಅದನ್ನು ಹೇಳಬೇಕು.

ಸಂಗಮೇಶ ನಮ್ಮ ಫಾರ್ವರ್ಡ್. ಅವನ ಅಪ್ಪ ಚಂದಪ್ಪ ಬಾದಾಮಿ ಕಡೆಯಿಂದ ಬಂದು ಹದಿನೈದು ವರ್ಷಗಳಿಂದ ನನ್ನ ಅಪ್ಪನ ಕಟ್ಟಡಗಳಲ್ಲಿ ಕಾಂಕ್ರೀಟ್ ಕೆಲಸ ಮಾಡುತ್ತಿದ್ದ. ರಜೆಯ ದಿನ ಮಗನೂ ಸಿಮೆಂಟ್ ಹೊರುತ್ತಿದ್ದ. ನಮ್ಮ ಕಾಲೇಜಿನ ಮೈದಾನ ಒಂದು ಕಡೆಗೆ ಇಳಿಜಾರು, ಅರ್ಧ ಬರೀ ಒರಟು ಕೆಂಪು ಮುರಕಲ್ಲು. ಅಲ್ಲಿ ಬಿದ್ದರೆ ಮೊಣಕಾಲಿನ ಚರ್ಮ ಅಲ್ಲೇ ಬಿಟ್ಟು ಬರಬೇಕು. ಸಂಗಮೇಶ ಮಾತ್ರ ಬೀಳುತ್ತಿರಲಿಲ್ಲ. ಆ ಸಲ ನಾವು ಹೊಡೆದ ಹನ್ನೊಂದು ಗೋಲುಗಳಲ್ಲಿ ಎಂಟು ಅವನದ್ದು.

ಅವನಿಗೆ ಬೇಕಾದದ್ದು ಒಂದೇ, ವಿಶ್ವವಿದ್ಯಾಲಯದ ತಂಡದಲ್ಲಿ ಒಂದು ಸ್ಥಾನ. ಆ ಸರ್ಟಿಫಿಕೇಟ್ ಇದ್ದರೆ ಬಿ.ಪಿ.ಎಡ್ ಸೀಟು ಸುಲಭ. ಆಮೇಲೆ ನಮ್ಮ ಮೌರಿಸ್ ಸರ್ ಹಾಗೆ ಕುತ್ತಿಗೆಗೆ ಸೀಟಿ ಹಾಕಿಕೊಂಡು ಪಿ.ಟಿ. ಮಾಸ್ಟರ್ ಆಗಬಹುದು. ಡಿಗ್ರಿಯ ಕೊನೆಯ ವರ್ಷ, ಇದೇ ಕೊನೆಯ ಅವಕಾಶ. ಸೆಮಿಫೈನಲ್ ಗೆದ್ದ ದಿನ ಮೌರಿಸ್ ಸರ್ ಹೇಳಿದರು: "ಶನಿವಾರ ಫೈನಲ್ ನೋಡಲು ಮಣಿಪಾಲಕ್ಕೆ ಆಯ್ಕೆ ಸಮಿತಿಯವರು ಬರ್ತಾರೆ. ನೀನು ಆಡಿದರೆ ಸಾಕು ಮಾರಾಯ, ಉಳಿದದ್ದು ಅವರೇ ನೋಡ್ತಾರೆ."

ಆ ಶನಿವಾರಕ್ಕೆ ಮೊದಲು ಒಂದು ಭಾನುವಾರ ಇತ್ತು. ನಮ್ಮೂರಿನಲ್ಲಿ ಆಟಕ್ಕೂ ಜಾತಿ ಉಂಟು. ಪ್ರತಿ ಸಮಾಜಕ್ಕೂ ಅದರದ್ದೇ ಪಂದ್ಯಾಟ, 'ಸಮಾಜ ಬಾಂಧವರಿಗೆ ಮಾತ್ರ' ಎಂದು ಬ್ಯಾನರಿನಲ್ಲೇ ಬರೆದಿರುತ್ತಾರೆ, ಅದರ ಕೆಳಗೆ ಕೈಮುಗಿದು ನಿಂತ ದೊಡ್ಡವರ ಫೋಟೊ. ಆ ಭಾನುವಾರ ನಮ್ಮ ಸಮಾಜದ್ದು ಕಾಪುವಿನಲ್ಲಿ. ಬೆಳ್ಮಣ್ ತಂಡದ ಯಜಮಾನಿಕೆ ನನ್ನ ಅಪ್ಪನದ್ದು. ಎರಡು ದಿನ ಮೊದಲು ನನ್ನ ಪಾದ ಉಳುಕಿತು. ಅಪ್ಪನಿಗೆ ನನ್ನ ಕಾಲಿಗಿಂತ ತಂಡದ ಚಿಂತೆಯೇ ಹೆಚ್ಚು.

"ಸಂಗಮೇಶನನ್ನು ಆಡಿಸುವ" ಎಂದವನು ನಾನೇ. ನನ್ನ ಜೆರ್ಸಿ, ನನ್ನ ಆಧಾರ್ ಕಾರ್ಡಿನ ಜೆರಾಕ್ಸ್. ಜೆರಾಕ್ಸ್‌ನಲ್ಲಿ ಎಲ್ಲರ ಮುಖವೂ ಮಸಿಯೇ.

"ಬೇಡ ಶ್ರವಣ್, ಶನಿವಾರ ಫೈನಲ್ ಉಂಟು" ಎಂದ ಸಂಗಮೇಶ.

"ನಿನಗೆ ತುಳು ನನಗಿಂತ ಚಂದ ಬರ್ತದೆ. ಯಾರಿಗೆ ಗೊತ್ತಾಗ್ತದೆ? ಅಪ್ಪನಿಗೆ ಹೇಳಿ ಆಗಿದೆ."

ಅವನು ಜೆರ್ಸಿ ತೆಗೆದುಕೊಂಡ. ಎಂಥಾ ಗೆಳೆಯ ಎಂದು ನನಗೆ ಹೆಮ್ಮೆಯಾಯಿತು.

ಕಾಪುವಿನಲ್ಲಿ ಅವನು ಐದು ಗೋಲು ಹೊಡೆದ. ಮೈಕಿನಲ್ಲಿ "ನಮ್ಮ ಸಮಾಜದ ಹೆಮ್ಮೆಯ ಕುವರ ಶ್ರವಣ್" ಎಂದು ಕೂಗಿದರು. ಯಾರೋ ಅಜ್ಜಿ ಅವನ ತಲೆ ಸವರಿ, ಯಾವ ಮನೆಯ ಹುಡುಗ ಎಂದು ಕೇಳಿದ್ದಕ್ಕೆ ಅಪ್ಪ, "ನಮ್ಮದೇ ಅಲ್ವಾ" ಎಂದರು. ಕಪ್ಪು ಹಿಡಿದ ಸಂಗಮೇಶನ ಫೋಟೊ ನನ್ನ ಹೆಸರಿನಲ್ಲಿ ಸಂಜೆಯೊಳಗೆ ಎಲ್ಲ ವಾಟ್ಸಾಪ್ ಗುಂಪುಗಳನ್ನೂ ಸುತ್ತಿತು. ನಮ್ಮ ಫೈನಲ್ ಎದುರಾಳಿಯಾದ ಉಡುಪಿ ಕಾಲೇಜಿನವರಿಗೂ ಸಿಕ್ಕಿತು. ಅವರು ದೂರು ಬರೆದರು: ಕಾರ್ಕಳದ ಪಟ್ಟಿಯಲ್ಲಿ ಸಂಗಮೇಶ ಎಂದು ಇರುವವನು ನಿಜವಾಗಿ ಯಾರು?

ಶನಿವಾರ ಬೆಳಿಗ್ಗೆ ಮೌರಿಸ್ ಸರ್ ನನಗೆ ಫೋನ್ ಮಾಡಿದರು. "ಹೆದರಬೇಡ. ಕಾಪುವಿನ ಆಟಕ್ಕೂ ವಿಶ್ವವಿದ್ಯಾಲಯಕ್ಕೂ ಸಂಬಂಧ ಇಲ್ಲ. ನೀನೇ ಜೆರ್ಸಿ ಕೊಟ್ಟದ್ದು ಅಂತ ವಿಚಾರಣೆಯಲ್ಲಿ ಒಂದು ಮಾತು ಹೇಳು, ಮುಗೀತು."

ತಿಂಡಿಗೆ ಕುಳಿತಿದ್ದ ಅಪ್ಪನಿಗೆ ಹೇಳಿದೆ. ಅವರ ದೋಸೆ ತಟ್ಟೆಯಲ್ಲೇ ಉಳಿಯಿತು. "ಹಾಗೆ ಹೇಳಿದರೆ ಸಮಾಜದ ಎದುರು ನಾನು ಮುಖ ತೋರಿಸುವುದು ಹೇಗೆ? ಬೇರೆಯವನನ್ನು ಆಡಿಸಿದ್ದು ಉಮಾನಾಥ ಅಂತ ಆಗ್ತದೆ. ಅವನೇ ನಿನ್ನ ಬ್ಯಾಗಿನಿಂದ ತೆಗೆದ, ನಮಗೆ ಗೊತ್ತಿಲ್ಲ ಅಂತ ಹೇಳು. ಆ ಹುಡುಗನಿಗೆ ಎಂತ ಹೋಗ್ತದೆ?"

ಅಮ್ಮ ಕುಶಲಾ ಒಲೆಯ ಕಡೆ ತಿರುಗಿ ಇನ್ನೊಂದು ದೋಸೆ ಹೊಯ್ದಳು.

ಮಣಿಪಾಲದ ಮೈದಾನದ ಪಕ್ಕದ ಕೋಣೆಯಲ್ಲಿ ದೂರು ವಿಚಾರಿಸಲು ವಿಶ್ವವಿದ್ಯಾಲಯದ ಮೂವರು ಕುಳಿತಿದ್ದರು. ಸಂಗಮೇಶ ಬೂಟು ಕಟ್ಟಿ ತಯಾರಾಗಿ ನಿಂತಿದ್ದ. ನನ್ನನ್ನು ಕೇಳಿದರು. ನಾನು ಅಪ್ಪ ಹೇಳಿಕೊಟ್ಟದ್ದನ್ನು ಒಂದಕ್ಷರ ಬಿಡದೆ ಒಪ್ಪಿಸಿದೆ. ಪರೀಕ್ಷೆಯಲ್ಲಿ ಒಮ್ಮೆಯೂ ನನಗೆ ಅಷ್ಟು ಚೆನ್ನಾಗಿ ಬಾಯಿಪಾಠ ಬಂದದ್ದಿಲ್ಲ. ಮೌರಿಸ್ ಸರ್ ನನ್ನನ್ನು ನೋಡಿದ ನೋಟಕ್ಕಿಂತ ಕಪಾಳಕ್ಕೆ ಹೊಡೆದಿದ್ದರೆ ವಾಸಿಯಿತ್ತು.

"ಹೌದೇನಪ್ಪಾ?" ಎಂದು ಮೂವರಲ್ಲಿ ಒಬ್ಬರು ಸಂಗಮೇಶನನ್ನು ಕೇಳಿದರು.

ಅವನು ನನ್ನ ಕಡೆ ನೋಡಲೂ ಇಲ್ಲ. "ಹೌದು ಸರ್" ಎಂದ.

ಮಾಡಿದ್ದುಣ್ಣೋ ಮಹರಾಯ ಎನ್ನುತ್ತಾರೆ. ಸುಳ್ಳು. ಮಾಡಿದವನು ನಾನು, ಉಂಡವನು ಅವನು. ಕದ್ದ ಗುರುತಿನಲ್ಲಿ ಆಡಿದ್ದಕ್ಕೆ ಒಂದು ವರ್ಷ ಹೊರಗೆ ಎಂದರು, ಅಂದರೆ ಪೂರ್ತಿ ಹೊರಗೆ. ನಾವು ಮೂರು ಗೋಲಿನಿಂದ ಸೋತೆವು. ಆಯ್ಕೆ ಸಮಿತಿಯವರು ಎದುರಾಳಿಗಳಲ್ಲಿ ಇಬ್ಬರನ್ನು ಬರೆದುಕೊಂಡು ಹೋದರು.

ಅಪ್ಪ ಕಾಪುವಿನ ಕಪ್ಪನ್ನು ತಾವಾಗಿಯೇ ಹಿಂದೆ ಕೊಟ್ಟರು. "ಹೊರಗಿನವನೊಬ್ಬ ನಮಗೆ ಮೋಸ ಮಾಡಿದ" ಎಂದು ಭಾಷಣವೂ ಆಯಿತು. ಕಾಪುವಿನಲ್ಲಿ ಅವರು "ನಮ್ಮದೇ ಅಲ್ವಾ" ಎಂದದ್ದನ್ನು ಯಾರೂ ನೆನಪಿಸಲಿಲ್ಲ. ಅವರ ಪ್ರಾಮಾಣಿಕತೆಗೆ ಸಮಾಜದವರು ಶಾಲು ಹೊದಿಸಿದರು. ಚಪ್ಪಾಳೆ ಹೊಡೆದವರಲ್ಲಿ ನಾನೂ ಇದ್ದೆ.

ಸಂಗಮೇಶ ಮತ್ತೆ ಮೈದಾನಕ್ಕೆ ಬರಲಿಲ್ಲ. ತಿಂಗಳಾದ ಮೇಲೆ ಕಾರ್ಕಳ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕಿದ, ಕೈಗೆ ಸಿಮೆಂಟ್ ಮೆತ್ತಿತ್ತು. ಕ್ಷಮೆ ಕೇಳಬೇಕು ಎಂದು ಹತ್ತಿರ ಹೋದವನು ನಾಲಿಗೆ ತಿರುಗಿ ಅವನನ್ನೇ ಕೇಳಿದೆ.

"ಅವತ್ತು ನೀನಾದರೂ ನಿಜ ಹೇಳಬಹುದಿತ್ತಲ್ಲ ಮಾರಾಯ?"

ಅವನು ನಮ್ಮ ಜೊತೆ ಯಾವತ್ತೂ ಆಡದ ಅವನ ಮನೆಯ ಮಾತಿನಲ್ಲಿ ಹೇಳಿದ: "ನಮ್ಮಪ್ಪ ನಿಮ್ಮಪ್ಪನ ಕೈಯಾಗ ದುಡೀತಾನ. ಅವತ್ತ ಜೆರ್ಸಿ ಕೊಟ್ಟಾಗರ ಒಲ್ಲೆ ಅನ್ನಾಕ ನನಗ ಎಲ್ಲಿ ಬರ್ತಿತ್ತು? ದೋಸ್ತಿ ಸಲುವಾಗಿ ಆಡೀನಿ ಅಂತ ತಿಳ್ಕೊಂಡಿಯೇನು?"

ಬಸ್ಸು ಬಂತು, ಅವನು ಹತ್ತಿ ಹೋದ. ಆ ಗಳಿಗೆಯವರೆಗೂ ನಾನು ಹಾಗೆಯೇ ತಿಳಿದುಕೊಂಡಿದ್ದೆ.