ಹರಿದ ‘ಕ’ ಹಾಳೆ

ಎರಡು ಸಾವಿರದ ಇಸವಿ. ಇಂದಿರಾನಗರದ ಒಂದು ಆಫೀಸಿನಲ್ಲಿ ಹೆಡ್‌ಫೋನ್ ಸಿಕ್ಕಿಸಿಕೊಂಡು, ಅಮೆರಿಕದ ಡಾಕ್ಟರುಗಳು ಗೊಣಗಿದ್ದನ್ನು ಟೈಪ್ ಮಾಡುವುದು ನನ್ನ ಕೆಲಸ. ಓದಿದ್ದು ಕೆ.ಆರ್. ಪುರದ ಕನ್ನಡ ಶಾಲೆಯಲ್ಲಿ. ಹಾಗಾಗಿ ಕೇಳರಿಯದ ಪದ ಬಂದಾಗಲೆಲ್ಲ ನೋಟ್‌ಬುಕ್ಕಿಗೆ ಇಳಿಸುತ್ತಿದ್ದೆ. ಉಚ್ಚಾರಣೆ ಕನ್ನಡ ಅಕ್ಷರದಲ್ಲಿ, ಒತ್ತಿ ಹೇಳಬೇಕಾದ ಕಡೆ ಅಡಿಗೆರೆ, ಪಕ್ಕದಲ್ಲಿ ಕನ್ನಡದ ಅರ್ಥ. ಅಕ್ಷರಕ್ಕೊಂದು ಹಾಳೆ.

ಆ ನೋಟ್‌ಬುಕ್ಕಿಗೆ ನನಗಿಂತ ದೊಡ್ಡ ಗಿರಾಕಿ ನಮ್ಮಪ್ಪ ಪಿಳ್ಳಪ್ಪ. ಹೊಲವೆಲ್ಲ ಲೇಔಟಾದ ಮೇಲೆ ಅವರಿಗೆ ಹೊತ್ತು ಹೋಗುತ್ತಿರಲಿಲ್ಲ. ಸಂಜೆ ಜಗಲಿಯಲ್ಲಿ ಕೂತು ಗಟ್ಟಿಯಾಗಿ ಓದುತ್ತಿದ್ದರು. ಅಮ್ಮನಿಗೆ ಬಿಕ್ಕಳಿಕೆ ಬಂದರೆ ‘ಸಿಂಗಲ್ಟಸ್’, ಹೊಟ್ಟೆ ಗುಡುಗುಟ್ಟಿದರೆ ‘ಬಾರ್ಬರಿಗ್ಮಸ್’ ಎನ್ನುವರು. ಇದೇನು ಬೈಗುಳವೋ ಎಂದು ಅಮ್ಮ ಮುಖ ತಿರುಗಿಸುವಳು.

ಆಗಸ್ಟಿನಲ್ಲಿ ಅಪ್ಪನ ಕಣ್ಣು ಹಳದಿಯಾಯಿತು. ಕಾಮಾಲೆಯೆಂದು ಅಮ್ಮ ಮೂರು ವಾರ ನಾಟಿ ಔಷಧಿ ಕುಡಿಸಿದಳು. ಇಷ್ಟೆಲ್ಲ ಟೈಪ್ ಮಾಡುವ ನಾನೂ ಸುಮ್ಮನಿದ್ದೆ. ಅದಕ್ಕೆ ನನ್ನನ್ನು ನಾನು ಇನ್ನೂ ಕ್ಷಮಿಸಿಲ್ಲ. ಕೊನೆಗೆ ಶಿವಾಜಿನಗರದ ಒಂದು ಆಸ್ಪತ್ರೆಗೆ ಕರೆದುಕೊಂಡು ಹೋದೆವು. ದೊಡ್ಡ ಡಾಕ್ಟರು ಸ್ಕ್ಯಾನನ್ನು ಬೆಳಕಿಗೆ ಹಿಡಿದು, ನಮ್ಮೆದುರೇ ಚಿಕ್ಕ ಡಾಕ್ಟರಿಗೆ ಇಂಗ್ಲಿಷಿನಲ್ಲಿ ಹೇಳಿದರು. ಪಂಚೆ ಉಟ್ಟವರಿಗೆ ಏನು ತಿಳಿಯುತ್ತದೆ ಎಂಬ ಧೈರ್ಯ ಅವರದು. ಕೊಲ್ಯಾಂಜಿಯೋಕಾರ್ಸಿನೋಮಾ.

ಆ ಪದವಿದ್ದ ರಿಪೋರ್ಟುಗಳನ್ನು ನಾನೇ ಟೈಪ್ ಮಾಡಿದ್ದೆ; ಅವು ಹೇಗೆ ಮುಗಿಯುತ್ತವೆಂದು ಗೊತ್ತಿತ್ತು. ಅಪ್ಪನ ಮುಖ ನೋಡಲು ಹೆದರಿಕೆಯಾಯಿತು. ಹೊರಗೆ ಬಂದ ಮೇಲೆ ಏನಂದರೆಂದು ಅಮ್ಮ ಕೇಳಿದಳು. ಪಿತ್ತನಾಳ ಕಟ್ಟಿಕೊಂಡಿದೆಯಂತೆ, ಮಾತ್ರೆಯಲ್ಲಿ ಸರಿಹೋಗುತ್ತದಂತೆ ಎಂದೆ. ಅಪ್ಪ ಏನೂ ಕೇಳಲಿಲ್ಲ.

ಬಸ್ಸು ಹಲಸೂರು ದಾಟುವಾಗ ನೋಟ್‌ಬುಕ್ ನೆನಪಾಯಿತು. ಮನೆ ಮುಟ್ಟಿದ ಕೂಡಲೇ ಅಪ್ಪ ಅದನ್ನು ತೆಗೆಯುತ್ತಾರೆ. ‘ಕ’ ಹಾಳೆಯಲ್ಲಿ ನನ್ನದೇ ದುಂಡಕ್ಷರದಲ್ಲಿತ್ತು: ಪಿತ್ತನಾಳದ ಕ್ಯಾನ್ಸರ್, ಗೊತ್ತಾಗುವ ಹೊತ್ತಿಗೆ ತಡವಾಗಿರುತ್ತದೆ.

ಬೀಗ ತೆಗೆದವಳೇ ಚಪ್ಪಲಿ ಕೂಡ ಬಿಡದೆ ಒಳಗೆ ಓಡಿದೆ. ಆ ಹಾಳೆ ಹರಿದು ನೀರೊಲೆಯ ಬೂದಿಯೊಳಗೆ ತುರುಕಿದೆ.

ಸಂಜೆ ಅಪ್ಪ ಎಂದಿನಂತೆ ನೋಟ್‌ಬುಕ್ ಹಿಡಿದು ಜಗಲಿಗೆ ಬಂದರು. ನಾನು ಬಾಗಿಲಲ್ಲಿ ನಿಂತೆ. ಪುಟ ತಿರುವುತ್ತ ಹೋದವರ ಬೆರಳು ಹರಿದ ಅಂಚಿನ ಮೇಲೆ ನಿಂತಿತು. ಅದನ್ನು ಎರಡು ಸಲ ಸವರಿದರು.

“ಯಾಕಮ್ಮ ಹರಿದ್ಬಿಟ್ಟೆ? ಆ ಹಾಳೆ ನಂಗೆ ಬಾಯಿಪಾಠ.”

ತಗ್ಗಿದ ದನಿಯಲ್ಲಿ ಆ ಪದ ಹೇಳಿದರು. ನಾನು ಗೆರೆ ಎಳೆದಿದ್ದ ಕಡೆಯೇ ಒತ್ತಿದರು, ಒಂದಕ್ಷರ ತಪ್ಪಲಿಲ್ಲ. ಅರ್ಥವನ್ನೂ ಪೂರ್ತಿ ಹೇಳಿದರು. ಸೆರಗು ಬಾಯಿಗೆ ತುರುಕಿಕೊಂಡರೂ ನನ್ನ ಅಳು ನಿಲ್ಲದೆ ಉಕ್ಕಿ ಉಕ್ಕಿ ಬಂತು.

ಒಳಗಿನಿಂದ ಅಮ್ಮ ಅದೇನು ಸದ್ದೆಂದು ಕೂಗಿ ಕೇಳಿದಳು.

“ಏನಿಲ್ಲ ಕಣೇ,” ಎಂದರು ಅಪ್ಪ, ನನ್ನ ಕೈ ಗಟ್ಟಿಯಾಗಿ ಹಿಡಿದು. “ಮಗೂಗೆ ಸಿಂಗಲ್ಟಸ್.”